ಟೈಟಲ್ ಕಾರ್ಡಿಲ್ಲದ ವರ್ಷಗಳು

ಸಂಕಲನಕಾರರ ಬಗ್ಗೆ ಪತ್ರಿಕೆಗಳಲ್ಲಿ ಬರೆಯುವುದೇ ಅಪರೂಪ. ಬರೆದಾಗಲೂ ಹೆಸರಿನ ಜೊತೆಗೆ ನಾಲ್ಕೈದು ಸಿನಿಮಾ ಸೇರಿಸಿ ಮುಗಿಸುವುದು ವಾಡಿಕೆ. ಸುರೇಶ್ ಅರಸ್ ಅಂದರೆ ‘ದಳಪತಿ’, ‘ರೋಜಾ’, ‘ಬಾಂಬೆ’. ವಿ.ಪಿ. ಕೃಷ್ಣ ಅಂದರೆ ಪುಟ್ಟಣ್ಣ ಕಣಗಾಲರ ಚಿತ್ರಗಳು. ಭಕ್ತವತ್ಸಲಂ ಅಂದರೆ ‘ಬಂಗಾರದ ಮನುಷ್ಯ’. ಇದರಲ್ಲಿ ಸುಳ್ಳೇನಿಲ್ಲ. ಆದರೆ ಕಳೆದ ನಲವತ್ತು ವರ್ಷಗಳಲ್ಲಿ ಬೆಂಗಳೂರಿನಲ್ಲಿ ಎಡಿಟಿಂಗ್ ನಂಬಿ ಮನೆ ನಡೆಸಿದ ಹೆಚ್ಚಿನವರ ಬದುಕು ಇಂಥ ಪಟ್ಟಿಯಲ್ಲಿ ಸಿಗುವುದಿಲ್ಲ. ಅವರ ವರ್ಷಗಳನ್ನು ಕೂಡಿಸಿ ನೋಡಿದರೆ ಸಿನಿಮಾದ ಪಾಲು ಚಿಕ್ಕದು. ಉಳಿದದ್ದೆಲ್ಲ ವಾರ್ತೆ, ಧಾರಾವಾಹಿ, ಇಲಾಖೆಗಳ ಸಾಕ್ಷ್ಯಚಿತ್ರ, ಜಾಹೀರಾತು, ಕಂಪನಿಗಳು ತಮ್ಮ ಬಗ್ಗೆ ಮಾಡಿಸುವ ಎವಿ, ಮದುವೆ ಕ್ಯಾಸೆಟ್ಟು. ಈ ಕೆಲಸದ ದೊಡ್ಡ ಭಾಗ ನಡೆದದ್ದು ಊರಿನ ಪೂರ್ವಾರ್ಧದಲ್ಲಿ: ಜೆ.ಸಿ. ನಗರದಿಂದ ಹಿಡಿದು ಶಿವಾಜಿನಗರ, ಹಲಸೂರು, ಇಂದಿರಾನಗರ, ಈಗ ಕೆ.ಆರ್. ಪುರದವರೆಗೆ. ‘ಹೊಟ್ಟೆಪಾಡಿಗೆ ಮಾಡಿದ್ದು’ ಎಂದು ನಾವೇ ಬದಿಗಿಟ್ಟ ಈ ಕೆಲಸವೇ ನಮಗೆ ಕಸುಬು ಕಲಿಸಿತು ಎಂಬುದು ನನ್ನ ವಾದ. ಸಿನಿಮಾ ಸಿಕ್ಕಾಗ ನಾವು ಅಲ್ಲಿಗೆ ಹೊತ್ತೊಯ್ದದ್ದು ಇಲ್ಲಿ ಕಲಿತದ್ದನ್ನೇ. ಈ ಮಾತಿಗೆ ಬರುವ ಆಕ್ಷೇಪಗಳು ಸಣ್ಣವಲ್ಲ, ಅವನ್ನೂ ಎದುರಿಸಬೇಕು.

ಮೊದಲು ಭೂಗೋಳ. ಕನ್ನಡ ಚಿತ್ರಗಳ ಲೇವಾದೇವಿ ಗಾಂಧಿನಗರದಲ್ಲಿ ನಡೆಯುತ್ತಿತ್ತು. ಕಂಠೀರವ ಸ್ಟುಡಿಯೋ ತುಮಕೂರು ರಸ್ತೆಯ ಕಡೆ. ಲ್ಯಾಬು, ಮೂವಿಯೋಲಾ, ನೆಗೆಟಿವ್ ಕಟಿಂಗ್ ಎಲ್ಲಕ್ಕೂ ಬಹುಕಾಲ ಮದ್ರಾಸಿನ ಕೋಡಂಬಾಕ್ಕಮ್ಮೇ ಗತಿ. ಸಂಕಲನ ಕಲಿಯಬೇಕಾದರೆ ರಾತ್ರಿ ರೈಲು ಹತ್ತಿ ಅಲ್ಲಿ ಯಾರಾದರೊಬ್ಬರ ಕೈಕೆಳಗೆ ವರ್ಷಗಟ್ಟಲೆ ಫಿಲ್ಮ್ ಸುತ್ತಬೇಕಾಗಿತ್ತು. ಕಂಟೋನ್ಮೆಂಟಿಗೆ ಸಿನಿಮಾ ಅಂದರೆ ಥಿಯೇಟರು ಮಾತ್ರ: ಶಿವಾಜಿನಗರದ ಎಲ್ಜಿನ್, ಎಂ.ಜಿ. ರಸ್ತೆಯ ಪ್ಲಾಜಾ, ಹಲಸೂರಿನ ದಾರಿಯ ಲಿಡೋ. ನೋಡುವುದಕ್ಕೆ ಅಲ್ಲಿಗೆ, ಮಾಡುವುದಕ್ಕೆ ಬೇರೆ ಕಡೆಗೆ. ಈ ಲೆಕ್ಕ ಬದಲಾದದ್ದು 1981ರಲ್ಲಿ, ಬೆಂಗಳೂರು ದೂರದರ್ಶನ ಶುರುವಾದಾಗ. ಅದರ ನೆಲೆ ಜೆ.ಸಿ. ನಗರ, ಅಂದರೆ ಕಂಟೋನ್ಮೆಂಟಿನ ಮಗ್ಗುಲು. ಊರು ಬಿಡದೆ, ತಿಂಗಳ ಸಂಬಳಕ್ಕೆ, ಕನ್ನಡದಲ್ಲಿ ದಿನವೂ ಎಡಿಟಿಂಗ್ ಮಾಡುವ ಅವಕಾಶ ಒಂದು ಸಣ್ಣ ಗುಂಪಿಗೆ ಮೊದಲ ಸಲ ಸಿಕ್ಕಿತು. ಕೇಂದ್ರದ ಹೊರಗೂ ಅದರ ಸುತ್ತ ಕೆಲಸ ಬೆಳೆಯಿತು. ಕಾರ್ಯಕ್ರಮ ಒಪ್ಪಿಸುವ ಖಾಸಗಿ ನಿರ್ಮಾಪಕರು, ಅವರಿಗೆ ಗಂಟೆ ಲೆಕ್ಕದಲ್ಲಿ ಬಾಡಿಗೆಗೆ ಸಿಗುವ ಎಡಿಟ್ ಸೂಟುಗಳು, ಕನ್ನಿಂಗ್‌ಹ್ಯಾಮ್ ರಸ್ತೆ, ಇನ್ಫೆಂಟ್ರಿ ರಸ್ತೆಗಳ ಆಸುಪಾಸಿನ ಜಾಹೀರಾತಿನವರು. ಒಂದು ಕಸುಬಿಗೆ ಬೇಕಾದ ಪೇಟೆ ಹೀಗೆ ಹುಟ್ಟಿಕೊಂಡಿತು.

ಆ ಟೇಪ್ ಎಡಿಟಿಂಗನ್ನು ಈಗಿನವರಿಗೆ ಸ್ವಲ್ಪ ಬಿಡಿಸಿ ಹೇಳಬೇಕು. ಎಡಗಡೆ ಯೂಮ್ಯಾಟಿಕ್ ಪ್ಲೇಯರು, ಬಲಗಡೆ ರೆಕಾರ್ಡರು, ನಡುವೆ ಕಂಟ್ರೋಲರು, ಮೇಲೆ ಎರಡು ಮಾನಿಟರು. ಎಡಗಡೆಯ ಟೇಪಿನಲ್ಲಿ ಶಾಟ್ ಎಲ್ಲಿ ಶುರು, ಬಲಗಡೆಯದರಲ್ಲಿ ಎಲ್ಲಿ ಕೂರಬೇಕು ಎಂದು ಗುರುತು ಹಾಕಿ ಗುಂಡಿ ಒತ್ತಿದರೆ ಎರಡೂ ಯಂತ್ರ ಐದು ಸೆಕೆಂಡು ಹಿಂದಕ್ಕೆ ಹೋಗಿ, ಒಟ್ಟಿಗೆ ಓಡಿ, ಗುರುತಿನ ಜಾಗದಲ್ಲಿ ದಾಖಲು ಶುರುಮಾಡುತ್ತವೆ. ಹೀಗೆ ಒಂದೊಂದೇ ಶಾಟು. ಇಪ್ಪತ್ತು ನಿಮಿಷದ ಕಾರ್ಯಕ್ರಮ ಮುಗಿದ ಮೇಲೆ ನಾಲ್ಕನೇ ನಿಮಿಷದಲ್ಲಿ ಹತ್ತು ಸೆಕೆಂಡು ಸೇರಿಸಬೇಕು ಅನಿಸಿದರೆ, ಅಲ್ಲಿಂದ ಮುಂದಿನದ್ದನ್ನೆಲ್ಲ ಮತ್ತೆ ಹಾಕಬೇಕು. ಇಲ್ಲವೇ ಇಡೀ ಟೇಪಿನ ಪ್ರತಿ ತೆಗೆದು ನಡುವೆ ತೂರಿಸಬೇಕು. ಪ್ರತಿಯ ಪ್ರತಿ ತೆಗೆದಂತೆ ಬಣ್ಣ ಹರಡಿ, ಕೆಂಪು ಸೀರೆ ಅಂಚಿನಾಚೆಗೆ ಚೆಲ್ಲಿಕೊಳ್ಳುತ್ತಿತ್ತು. ತಮಾಷೆಯೆಂದರೆ ಫಿಲ್ಮಿನಲ್ಲಿ ಈ ಕಷ್ಟ ಇರಲಿಲ್ಲ. ಅಲ್ಲಿ ಎಲ್ಲಿ ಬೇಕಾದರೂ ಕತ್ತರಿಸಿ, ಅಂಟಿಸಿ, ಬೇಡವಾದರೆ ಬಿಚ್ಚಿ ಮೊದಲಿನಂತೆ ಜೋಡಿಸಬಹುದು. ಹೊಸ ಯಂತ್ರ ಬಂದು ಸ್ವಾತಂತ್ರ್ಯ ಕಡಿಮೆಯಾದ ಅಪರೂಪದ ಸಂದರ್ಭ ಅದು. ಟೇಪಿನ ಮುಂದೆ ಕೂತವರು ಮೊದಲ ಶಾಟ್ ಹಾಕುವ ಮುಂಚೆಯೇ ಕೊನೆಯ ಶಾಟ್ ಯಾವುದೆಂದು ತಿಳಿದಿರಬೇಕಿತ್ತು. ಹಾಗಾಗಿ ಎಡಿಟಿಂಗು ಅರ್ಧ ನಡೆಯುತ್ತಿದ್ದದ್ದು ರೂಲು ಹಾಳೆಯ ಮೇಲೆ, ಟೈಮ್‌ಕೋಡ್ ಬರೆದುಕೊಳ್ಳುತ್ತಾ.

ಕಷ್ಟಪಟ್ಟವರೇ ಕಲಿತವರು ಎಂಬ ಹಳಬರ ರಾಗ ಇದು ಎಂದು ಯಾರಾದರೂ ಅಂದುಕೊಂಡರೆ ಆಶ್ಚರ್ಯವಿಲ್ಲ. ಕಷ್ಟದಿಂದ ತಾನಾಗಿ ಏನೂ ಬರುವುದಿಲ್ಲ. ಆ ಕಾಲದಲ್ಲೂ ಕೆಟ್ಟ ಎಡಿಟರುಗಳಿದ್ದರು, ಬಹಳ ಕಷ್ಟಪಟ್ಟು ಕೆಟ್ಟದಾಗಿ ಎಡಿಟ್ ಮಾಡುತ್ತಿದ್ದರು. ಲಾಭ ಆದದ್ದು ಸಂಖ್ಯೆಯಿಂದ. ಸಿನಿಮಾದಲ್ಲಿ ಸಹಾಯಕನಾಗಿ ಐದು ವರ್ಷ ಇದ್ದವನು ತಾನೇ ನಿರ್ಧರಿಸಿದ ಕಟ್ ಎಷ್ಟು? ಬಹುಶಃ ಒಂದೂ ಇಲ್ಲ. ಗುರು ಹೇಳಿದ ಕಡೆ ಗುರುತು ಹಾಕುವುದು, ತುಣುಕುಗಳನ್ನು ಹೊಂದಿಸಿಡುವುದು, ಶಬ್ದದ ಸುರುಳಿಯನ್ನು ಚಿತ್ರದ ಜೊತೆ ಕೂಡಿಸುವುದು, ಇಷ್ಟೇ. ಸಂಜೆಯ ವಾರ್ತೆಗೆ ಕೂತವನು ದಿನಕ್ಕೆ ಹತ್ತಾರು ನಿರ್ಧಾರ ತಾನೇ ತೆಗೆದುಕೊಳ್ಳಬೇಕು. ಮಂತ್ರಿಯ ಭಾಷಣದಲ್ಲಿ ಯಾವ ವಾಕ್ಯ ಉಳಿಸುವುದು, ಪ್ರವಾಹದ ದೃಶ್ಯದಲ್ಲಿ ನೀರು ಮೊದಲೋ ಜನ ಮೊದಲೋ. ತಪ್ಪಿದರೆ ಅದೇ ಸಂಜೆ ಪ್ರಸಾರದಲ್ಲಿ ಗೊತ್ತಾಗುತ್ತದೆ. ಸಿನಿಮಾ ಬಿಡುಗಡೆಗೆ ವರ್ಷ ಕಾಯಬೇಕಾಗಿಲ್ಲ.

ಇನ್ನೂ ಕೆಳಗಿನ ಮೆಟ್ಟಿಲು ಮದುವೆ ಕ್ಯಾಸೆಟ್ಟಿನದು. ಅದನ್ನು ಕುರಿತು ಯಾರೂ ಗೌರವದಿಂದ ಮಾತಾಡುವುದಿಲ್ಲ. ಎಂಬತ್ತರ ದಶಕದ ಕೊನೆಯಿಂದ ಶಿವಾಜಿನಗರ, ಹಲಸೂರುಗಳ ಫೋಟೊ ಸ್ಟುಡಿಯೋಗಳು ವಿಡಿಯೋಗೂ ಇಳಿದವು. ವಿಎಚ್‌ಎಸ್ ಕ್ಯಾಮೆರಾ, ಒಂದು ಮಿಕ್ಸರು, ಹೃದಯದ ಆಕಾರದಲ್ಲಿ ತೆರೆದುಕೊಳ್ಳುವ ವೈಪು, ಹಿನ್ನೆಲೆಗೆ ಆ ವರ್ಷದ ಹಾಡು. ನಗುವುದಕ್ಕೆ ಬೇಕಾದಷ್ಟಿದೆ. ಆದರೆ ಮದುವೆ ವಿಡಿಯೋದ ಎಡಿಟರಿಗೆ ಕೆಲವು ಕಠಿಣ ನಿಯಮಗಳಿದ್ದವು. ಮಾಂಗಲ್ಯಧಾರಣೆಗೆ ರೀಟೇಕ್ ಇಲ್ಲ. ಫೋಟೊದವನ ಬೆನ್ನು ಅಡ್ಡ ಬಂದಿದ್ದರೆ, ಇರುವ ಮೂರು ಸೆಕೆಂಡಿನ ಸುತ್ತ ಗಟ್ಟಿಮೇಳ, ಅಕ್ಷತೆ, ತಾಯಿಯ ಮುಖ ಜೋಡಿಸಿ ಅದು ಪೂರ್ತಿ ಕಂಡಿತು ಎಂಬ ಭಾವನೆ ಹುಟ್ಟಿಸಬೇಕು. ಬಂದ ನೆಂಟರಲ್ಲಿ ಯಾರ ಮುಖ ಬಿಡಬಾರದು, ಯಾರ ಮುಖ ಯಾರಿಗಿಂತ ಮುಂಚೆ ಬರಬೇಕು ಎಂಬುದು ಟೇಪಿನಲ್ಲಿ ಬರೆದಿರುವುದಿಲ್ಲ. ಸೋದರಮಾವನ ಶಾಟ್ ಚಿಕ್ಕದಾದರೆ ಆರು ತಿಂಗಳ ಮುನಿಸು. ನಿಕಾಹ್ ವಿಡಿಯೋಗಳಲ್ಲಿ ಹೆಂಗಸರ ಕಡೆಯ ದೃಶ್ಯಗಳನ್ನು ಬೇರೆಯೇ ಇಡಬೇಕೆಂಬ ಮನೆಗಳಿದ್ದವು. ಅಲ್ಲಿ ಒಂದೇ ಮದುವೆಗೆ ಎರಡು ಕಥೆ ಕಟ್ಟಬೇಕು, ಎರಡೂ ತಮ್ಮಷ್ಟಕ್ಕೆ ಪೂರ್ತಿ ಅನಿಸಬೇಕು. ಸೆಪ್ಟೆಂಬರ್ 8ರ ಸಂತ ಮೇರಿ ಹಬ್ಬದ ತೇರು, ಹಲಸೂರಿನ ಪಲ್ಲಕ್ಕಿ ಉತ್ಸವ ಬಂದಾಗ ಕೇಳುವುದೇ ಬೇಡ: ಗಂಟೆಗಟ್ಟಲೆ ಒಂದೇ ಬಗೆಯ ದೃಶ್ಯ, ಅದರಲ್ಲಿ ಮುಂದಕ್ಕೆ ಹೋಗುತ್ತಿರುವಂತೆ ತೋರಿಸುವುದು ಹೇಗೆ? ಯಾರು ಯಾರನ್ನು ನೋಡುತ್ತಿದ್ದಾರೆ, ಕೋಣೆಯಲ್ಲಿ ಹಿರಿಯರು ಯಾರು, ಕಣ್ಣು ಎತ್ತ ಹರಿಯುತ್ತದೆ ಎಂಬುದನ್ನು ಹುಡುಕುವ ಈ ಅಭ್ಯಾಸವೇ ನಂತರ ಕೌಟುಂಬಿಕ ಸಿನಿಮಾದ ಊಟದ ಮನೆಯ ದೃಶ್ಯಕ್ಕೂ ಬೇಕಾಗುವುದು.

ಇಲ್ಲಿಗೆ ಬರುವ ಆಕ್ಷೇಪ ಕನ್ನಡದ್ದು. ಕಂಟೋನ್ಮೆಂಟಿನಲ್ಲಿ ಕನ್ನಡ ಎಲ್ಲಿತ್ತು? ಬೀದಿಯಲ್ಲಿ ತಮಿಳು, ದಖನಿ ಉರ್ದು, ಅಂಗಡಿಯಲ್ಲಿ ಇಂಗ್ಲಿಷು, ಥಿಯೇಟರಿನಲ್ಲಿ ಹಾಲಿವುಡ್ಡು. ಅಂಥ ಕಡೆ ಕನ್ನಡದ ಸಂಕಲನಕಾರ ಏನು ಕಲಿತಾನು? ಸಂಭಾಷಣೆಯ ವಿಷಯಕ್ಕೆ ಈ ಆಕ್ಷೇಪವನ್ನು ನಾನು ಒಪ್ಪುತ್ತೇನೆ. ಮಂಡ್ಯದ ಮಾತಿನ ಚುರುಕು, ಧಾರವಾಡದ ಎಳೆತ ಹಲಸೂರಿನಲ್ಲಿ ಕೂತು ಬರುವುದಿಲ್ಲ. ಆದರೆ ಸಂಕಲನಕ್ಕೆ ಮಾತಿನ ಅರ್ಥದಷ್ಟೇ ಮಾತಿನ ಉಸಿರೂ ಮುಖ್ಯ. ಗೊತ್ತಿಲ್ಲದ ಭಾಷೆಯ ಸಂದರ್ಶನ ಎಡಿಟ್ ಮಾಡುವಾಗ ವಾಕ್ಯ ಎಲ್ಲಿ ಮುಗಿಯಿತೆಂದು ಹೇಳುವುದು ಅರ್ಥವಲ್ಲ, ದನಿ ಇಳಿಯುವ ಬಗೆ, ಭುಜ ಸಡಿಲವಾಗುವುದು, ರೆಪ್ಪೆ ಬಡಿಯುವುದು. ದಿನಕ್ಕೆ ಮೂರು ಭಾಷೆ ಕತ್ತರಿಸುವವರ ಕಿವಿ ಬೇರೆಯಾಗುತ್ತದೆ. ಕನ್ನಡಿಗರಾದ ಸುರೇಶ್ ಅರಸ್ ಅವರಿಗೆ ರಾಷ್ಟ್ರಪ್ರಶಸ್ತಿ ಬಂದದ್ದು 1995ರ ತಮಿಳು ಚಿತ್ರ ‘ಬಾಂಬೆ’ಯ ಸಂಕಲನಕ್ಕೆ. ಕಂಟೋನ್ಮೆಂಟಿನ ಉದಾಹರಣೆಯೇ ಬೇಕೆಂದರೆ ‘ಸಂಸ್ಕಾರ’ ಇದೆ. ಅದರ ನಿರ್ದೇಶಕ, ಸೇಂಟ್ ಮಾರ್ಕ್ಸ್ ರಸ್ತೆಯ ಮನೆಯ ಪಟ್ಟಾಭಿರಾಮ ರೆಡ್ಡಿ ತೆಲುಗು ಕವಿ. ಛಾಯಾಗ್ರಾಹಕ ಟಾಮ್ ಕೋವನ್ ಆಸ್ಟ್ರೇಲಿಯಾದವರು. 1970ರ ಆ ಚಿತ್ರವೇ ಕನ್ನಡಕ್ಕೆ ಮೊದಲ ಸ್ವರ್ಣಕಮಲ ತಂದದ್ದು. ಅಷ್ಟೇ ಏಕೆ, ನಿರ್ಮಾಣವಾದ ಮೇಲೆ ಸೆನ್ಸಾರಿನಲ್ಲಿ ಸಿಕ್ಕಿಬಿದ್ದಿದ್ದ ಎಂ.ಎಸ್. ಸತ್ಯು ಅವರ ‘ಗರಂ ಹವಾ’ ಕೊನೆಗೆ ದೇಶದಲ್ಲಿ ತೆರೆಕಂಡದ್ದು ಬೆಂಗಳೂರಿನ ಸಾಗರ್ ಮತ್ತು ಸಂಗೀತ್ ಚಿತ್ರಮಂದಿರಗಳಲ್ಲಿ. ಹಲವು ಭಾಷೆಗೆ ಕಿವಿ ತೆರೆದಿದ್ದ ಊರಿನಲ್ಲಿ ಕೆಲಸ ಕಲಿತದ್ದು ಕನ್ನಡಕ್ಕೆ ನಷ್ಟವಾಯಿತು ಎನ್ನಲು ನನಗೆ ಆಧಾರ ಸಿಗುವುದಿಲ್ಲ.

ಧಾರಾವಾಹಿಯ ಕುರಿತ ಆಕ್ಷೇಪ ಇದಕ್ಕಿಂತ ಗಟ್ಟಿ. 1994ರಲ್ಲಿ ಉದಯ ಟೀವಿ ಬಂತು, 2000ದಲ್ಲಿ ಈಟೀವಿ, ಆಮೇಲೆ ಜೀ, ಸುವರ್ಣ. ದಿನಕ್ಕೊಂದು ಕಂತು, ಅರ್ಧ ಗಂಟೆಯ ಸ್ಲಾಟಿನಲ್ಲಿ ಜಾಹೀರಾತು ಕಳೆದು ಉಳಿಯುವ ಇಪ್ಪತ್ತು ಚಿಲ್ಲರೆ ನಿಮಿಷ. ಅತ್ತೆ ಒಂದು ಮಾತಾಡಿದರೆ ಸೊಸೆ, ಮಾವ, ನಾದಿನಿ, ಬಾಗಿಲಲ್ಲಿ ನಿಂತ ಕೆಲಸದವಳು, ಎಲ್ಲರ ಮುಖಕ್ಕೂ ಒಂದೊಂದು ಕಟ್. ಮತ್ತೆ ಅದೇ ಸುತ್ತು, ಈ ಸಲ ಸಿಡಿಲಿನ ಸದ್ದಿನ ಜೊತೆ. ಇದರಲ್ಲಿ ಹತ್ತು ವರ್ಷ ಕಳೆದವರ ಕೈ ಕೆಡುತ್ತದೆ ಎನ್ನುತ್ತಾರೆ. ಕೆಡುತ್ತದೆ, ನಿಜ. ಒಂದು ಮೌನವನ್ನು ಆರು ಸೆಕೆಂಡು ಹಾಗೇ ಬಿಡುವ ಧೈರ್ಯ ಹೋಗಿಬಿಟ್ಟವರು ಬಹಳ ಜನ. ಆದರೆ ಅದಕ್ಕೆ ಕಾರಣ ಏನೆಂದು ಕೇಳಬೇಕು. ನಾಳೆಯ ಕಂತಿನ ಶೂಟಿಂಗು ಇವತ್ತು ಮಧ್ಯಾಹ್ನ ಮುಗಿದು ಹದಿನೈದು ನಿಮಿಷದ ಸರಕು ಬಂದರೆ ಉಳಿದದ್ದನ್ನು ಎಡಿಟರು ಮುಖಗಳಿಂದಲೇ ತುಂಬಬೇಕು. ಮೌನ ಬಂದ ಕಡೆ ಜನ ಚಾನೆಲ್ ತಿರುಗಿಸುತ್ತಾರೆ ಎಂಬ ಹೆದರಿಕೆ ವಾರವಾರ ಬರುವ ರೇಟಿಂಗಿನಿಂದ ಹುಟ್ಟಿದ್ದು. ದಿನಕ್ಕೊಂದು ಕಂತು ಎಂಬುದೇ ತಪ್ಪಾಗಿದ್ದರೆ ‘ಮಾಯಾಮೃಗ’ ಆಗಬಾರದಿತ್ತು. 1998ರಲ್ಲಿ ದೂರದರ್ಶನದಲ್ಲಿ ಬಂದ ಅದು ಕೂಡ ದೈನಂದಿನ ಧಾರಾವಾಹಿಯೇ. ಅದರಲ್ಲಿ ಜನ ಪೂರ್ತಿ ವಾಕ್ಯ ಮಾತಾಡುತ್ತಿದ್ದರು, ಕೇಳುವವರು ಕೇಳುತ್ತಿದ್ದರು. ಟಿ.ಎನ್. ಸೀತಾರಾಮ್ ಜೊತೆ ಅದನ್ನು ನಿರ್ದೇಶಿಸಿದ ಪಿ. ಶೇಷಾದ್ರಿ ಎರಡೇ ವರ್ಷಕ್ಕೆ ‘ಮುನ್ನುಡಿ’ ಮಾಡಿದರು. ಟೀವಿಯಿಂದ ಬಂದವರಿಗೆ ಸಿನಿಮಾ ಕೈಹತ್ತದು ಎಂಬ ಮಾತಿಗೆ ಅಷ್ಟು ಸಾಕು ಉತ್ತರ.

ಇಂದಿರಾನಗರದ ಅಧ್ಯಾಯಕ್ಕೆ ಬಂದರೆ ಅಲ್ಲಿ ಧಾರಾವಾಹಿಯ ಗದ್ದಲ ಇಲ್ಲ, ಬದಲಿಗೆ ಏಸಿ ಇದೆ. ತೊಂಬತ್ತರ ದಶಕದ ಕೊನೆಯಿಂದ ಹೊಸ ಕಂಪನಿಗಳಿಗೆಲ್ಲ ತಮ್ಮ ಬಗ್ಗೆ ಒಂದು ಚಿತ್ರ ಬೇಕಾಯಿತು. ಕಂಪ್ಯೂಟರಿನಲ್ಲೇ ಎಡಿಟಿಂಗ್ ಮಾಡುವುದು ಮೊದಲು ಶ್ರೀಮಂತರ ಆಟವಾಗಿತ್ತು, ಆಮೇಲೆ ಬೆಲೆ ಇಳಿಯಿತು. ವಾಲ್ಟರ್ ಮರ್ಚ್ 2003ರ ‘ಕೋಲ್ಡ್ ಮೌಂಟನ್’ ಚಿತ್ರವನ್ನು ಎಡಿಟ್ ಮಾಡಿದ ಫೈನಲ್ ಕಟ್ ಪ್ರೋ ಸಾಫ್ಟ್‌ವೇರೇ ಅದೇ ಹೊತ್ತಿಗೆ ಇಂದಿರಾನಗರದ ಮನೆಗಳ ಮೊದಲ ಮಹಡಿಯಲ್ಲೂ ಓಡುತ್ತಿತ್ತು. ಕೆಲಸ ಮಾತ್ರ ಬೇರೆ: ಕ್ಯಾಮೆರಾ ಎದುರು ನಾಲಿಗೆ ಒಣಗುವ ಒಬ್ಬ ಅಧಿಕಾರಿಯ ನಲವತ್ತು ನಿಮಿಷದ ಮಾತನ್ನು ತೊಂಬತ್ತು ಸೆಕೆಂಡಿಗೆ ಇಳಿಸುವುದು. ಇದರಲ್ಲಿ ಕಥೆ ಎಲ್ಲಿದೆ, ಕಲೆ ಎಲ್ಲಿದೆ ಎಂದು ಸಿನಿಮಾದವರು ಮೂಗು ಮುರಿಯುತ್ತಾರೆ. ಆದರೆ ಆ ಅಧಿಕಾರಿ ಹೇಳಿದ್ದನ್ನು ತಿರುಚದೆ, ತೊದಲನ್ನೆಲ್ಲ ತೆಗೆದು, ತೆಗೆದ ಗುರುತು ಕಾಣದ ಹಾಗೆ ನಡುವೆ ಕೈಯ ಶಾಟನ್ನೋ ಕಿಟಕಿಯನ್ನೋ ಇಟ್ಟು, ಕೊನೆಗೆ ಅವನೇ ಅಷ್ಟು ಚೆನ್ನಾಗಿ ಮಾತಾಡಿದ ಎನಿಸುವಂತೆ ಮಾಡುವುದು ಸುಲಭವಲ್ಲ. ಹೊಸ ನಟರ ಅಭಿನಯವನ್ನು ಎಡಿಟಿಂಗಿನಲ್ಲಿ ಕಾಪಾಡುವುದೂ ಇದೇ ಕೆಲಸ. ಕನ್ನಡ ಸಿನಿಮಾದ ಎಡಿಟಿಂಗ್ ಕೋಣೆಗಳಿಗಿಂತ ಹೆಚ್ಚು ಹೆಣ್ಣುಮಕ್ಕಳು ಈ ಜಾಹೀರಾತು, ಎವಿ ಕೋಣೆಗಳಿಗೆ ಬಂದರು ಎಂಬುದನ್ನೂ ಮರೆಯಬಾರದು. ಹಗಲಿನ ಕೆಲಸ, ಮನೆಗೆ ಹತ್ತಿರ, ಗುರುವಿನ ಮನೆಯಲ್ಲಿ ತಂಗುವ ಪದ್ಧತಿ ಇಲ್ಲ. ಕಾರಣ ಇಷ್ಟು ಸರಳ ಇದ್ದೀತು. ಹೊರಗಿನ ಜಗತ್ತಿನಲ್ಲೂ ಕಥೆ ಹೀಗೇ. ಸ್ಕಾರ್ಸೆಸಿಯ ಚಿತ್ರಗಳ ಥೆಲ್ಮಾ ಸ್ಕೂನ್‌ಮೇಕರ್ ಕೆಲಸ ಶುರುಮಾಡಿದ್ದು ಯುರೋಪಿನ ದೊಡ್ಡ ಚಿತ್ರಗಳನ್ನು ತಡರಾತ್ರಿಯ ಟೀವಿ ಸಮಯಕ್ಕೆ ಹೊಂದುವಂತೆ ಕತ್ತರಿಸುವವನೊಬ್ಬನ ಕೈಕೆಳಗೆ. ‘ಬಾನಿ ಆಂಡ್ ಕ್ಲೈಡ್’ ಸಂಕಲಿಸಿದ ಡೀಡಿ ಅಲೆನ್ ಅದಕ್ಕೂ ಮುಂಚೆ ವರ್ಷಗಟ್ಟಲೆ ಜಾಹೀರಾತು, ಕೈಗಾರಿಕಾ ಚಿತ್ರಗಳಲ್ಲಿದ್ದವರು.

ನನಗೆ ನಿಜವಾಗಿ ತೊಡಕೆನಿಸುವ ಆಕ್ಷೇಪ ಬೇರೆ. ಹೆಸರಿಲ್ಲದ ಕೆಲಸವನ್ನು ಶಾಲೆ ಎಂದು ಹೊಗಳುವುದು ಹೆಸರು ಕೊಡದವರಿಗೆ ಅನುಕೂಲ ಮಾಡಿಕೊಟ್ಟಂತೆ ಅಲ್ಲವೇ? ‘ಕಲೀತಿದೀಯಲ್ಲಪ್ಪ, ದುಡ್ಡು ಯಾಕೆ’ ಎಂಬ ಮಾತು ಈ ಕಸುಬಿನ ಹುಡುಗರೆಲ್ಲ ಕೇಳಿರುವಂಥದ್ದು. ಅದಕ್ಕೆ ಜೋಡಿಯಾಗಿ ಇನ್ನೊಂದು ಸಿದ್ಧ ಮಾತಿದೆ: ಒಳ್ಳೆಯ ಎಡಿಟಿಂಗ್ ಕಣ್ಣಿಗೆ ಕಾಣಬಾರದು. ಕಟ್ ಕಾಣಬಾರದು ಎಂಬ ಕಸುಬಿನ ಮಾತು ನಿಧಾನಕ್ಕೆ ಕಟ್ ಮಾಡಿದವನೂ ಕಾಣಬಾರದು ಎಂಬ ವ್ಯವಹಾರದ ಮಾತಾಗಿದೆ. ಧಾರಾವಾಹಿಯ ಕೊನೆಯ ಹೆಸರುಗಳು ಓದಲಾಗದ ವೇಗದಲ್ಲಿ ಓಡುತ್ತವೆ, ಅದರ ಅರ್ಧ ಜಾಗಕ್ಕೆ ಮುಂದಿನ ಕಾರ್ಯಕ್ರಮದ ಪ್ರೋಮೊ ಬಂದು ಕೂರುತ್ತದೆ. ಕಂಪನಿಯ ಚಿತ್ರದಲ್ಲಿ ಅಷ್ಟೂ ಇಲ್ಲ. ಟೇಪಿನ ಕಾಲದಲ್ಲಿ ಪ್ರಸಾರವಾದ ಟೇಪನ್ನು ಅಳಿಸಿ ಮತ್ತೆ ಬಳಸುವುದು ಜಗತ್ತಿನ ಟೀವಿಗಳಿಗೆಲ್ಲ ರೂಢಿಯಾಗಿತ್ತು. ಬಿಬಿಸಿಯಂಥ ಬಿಬಿಸಿ ‘ಡಾಕ್ಟರ್ ಹೂ’ ಸರಣಿಯ ತೊಂಬತ್ತಕ್ಕೂ ಹೆಚ್ಚು ಕಂತು ಕಳೆದುಕೊಂಡು ಇಂದಿಗೂ ಹುಡುಕುತ್ತಿದೆ. ಇಲ್ಲಿ ಹುಡುಕುವವರೂ ಇಲ್ಲ. ಹೀಗೆ ಕೆಲಸವೂ ಅಳಿದು ಹೆಸರೂ ಇಲ್ಲದೆ ಹೋದವರ ಮುಂದೆ ‘ನೀವು ಕಲಿತಿರಲ್ಲ’ ಎಂದರೆ ಅದು ಅವಮಾನ. ನನ್ನ ವಾದದ ತರ್ಕ ಹೋಗುವುದು ಬೇರೆ ದಿಕ್ಕಿಗೆ. ಸಿನಿಮಾ ಮಾತ್ರ ನಿಜವಾದ ಕೆಲಸ, ಉಳಿದದ್ದು ಅಭ್ಯಾಸ ಎಂದು ನಂಬಿದವರಿಗೆ ‘ಅಭ್ಯಾಸಕ್ಕೆ ಸಂಬಳ ಯಾಕೆ’ ಎಂದು ಕೇಳಲು ಸುಲಭ. ಎವಿ, ಕಂತು, ಮದುವೆ ಎಲ್ಲವೂ ಪೂರ್ತಿ ಕೆಲಸವೇ ಎಂದು ಒಪ್ಪಿದ ಮೇಲೆ ಪೂರ್ತಿ ಕೂಲಿ, ಪೂರ್ತಿ ಹೆಸರು ಕೇಳುವ ಹಕ್ಕು ಬರುತ್ತದೆ. ರಾಜ್ಯ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಸಂಕಲನಕ್ಕೊಂದು ಬಹುಮಾನ ಇದೆಯಲ್ಲ ಎಂದರೆ, ಅದು ವರ್ಷಕ್ಕೆ ಒಬ್ಬರಿಗೆ, ಅದೂ ಸಿನಿಮಾಕ್ಕೆ.

ಹೊಸಬರನ್ನು ನೋಡಿ, ಈ ಶಾಲೆಗೆಲ್ಲ ಹೋಗದೆಯೇ ಬಂದಿಲ್ಲವೇ ಎಂದು ಕೇಳುವವರಿದ್ದಾರೆ. 2022ರ ‘ಕೆಜಿಎಫ್: ಚಾಪ್ಟರ್ 2’ ಸಂಕಲಿಸಿದ ಉಜ್ವಲ್ ಕುಲಕರ್ಣಿ ಆಗಿನ್ನೂ ಇಪ್ಪತ್ತರ ಆಸುಪಾಸಿನ ಹುಡುಗ, ಫ್ಯಾನ್ ಎಡಿಟುಗಳಿಂದ ಕಣ್ಣಿಗೆ ಬಿದ್ದವರು. ಇದನ್ನು ನನ್ನ ವಾದಕ್ಕೆ ವಿರುದ್ಧದ ಸಾಕ್ಷಿ ಎಂದು ಹೇಳುತ್ತಾರೆ, ನನಗದು ಪರವಾಗಿಯೇ ಕಾಣುತ್ತದೆ. ಬೇರೆಯವರ ಚಿತ್ರದ ತುಣುಕು ತಂದು, ಹಾಡಿಗೆ ಹೊಂದಿಸಿ, ಯಾರೂ ಕೇಳದಿದ್ದರೂ ರಾತ್ರಿಯೆಲ್ಲ ಕೂತು ಮಾಡುವ ಫ್ಯಾನ್ ಎಡಿಟಿಗಿಂತ ಹೆಸರಿಲ್ಲದ ಕೆಲಸ ಯಾವುದಿದೆ? ಅವಧಿ ಕಡಿಮೆ, ಸಂಖ್ಯೆ ಹೆಚ್ಚು, ಪ್ರತಿಕ್ರಿಯೆ ಆ ಕ್ಷಣಕ್ಕೇ. ಸಂಜೆಯ ವಾರ್ತೆಯ ಗುಣಗಳೆಲ್ಲ ಅಲ್ಲಿವೆ, ಸಂಬಳವೊಂದನ್ನು ಬಿಟ್ಟು.

ಈಗ ಕೆಲಸ ಇನ್ನೂ ಪೂರ್ವಕ್ಕೆ ಸರಿದಿದೆ. 2023ರಲ್ಲಿ ನೇರಳೆ ಮಾರ್ಗದ ಮೆಟ್ರೊ ಕೆ.ಆರ್. ಪುರ ದಾಟಿ ವೈಟ್‌ಫೀಲ್ಡ್ ಮುಟ್ಟಿದ ಮೇಲೆ, ಆ ಕಡೆಯ ಪಿಜಿಗಳಲ್ಲಿ ಇರುವ ಹುಡುಗ ಹುಡುಗಿಯರು ಇಂದಿರಾನಗರದ ಸ್ಟುಡಿಯೋಗೋ ಐಟಿಪಿಎಲ್ ಕಡೆಯ ಇ-ಲರ್ನಿಂಗ್ ಕಂಪನಿಗೋ ಎಡಿಟಿಂಗಿಗೆ ಹೋಗಿ ಬರುತ್ತಾರೆ. ರೈಲು ಪ್ಲಾಜಾ ಇದ್ದ ಜಾಗದಲ್ಲಿ ನಿಲ್ಲುತ್ತದೆ, ಲಿಡೋ ಇದ್ದ ಜಾಗದಲ್ಲಿ ಮಾಲ್ ಇದೆ. ಬೇರೆ ದೇಶದ ಮಕ್ಕಳಿಗೆ ರಸಾಯನಶಾಸ್ತ್ರ ಕಲಿಸುವ ವಿಡಿಯೋದಲ್ಲಿ ಮೇಷ್ಟ್ರ ಉಸಿರು ಎಲ್ಲಿ ಕತ್ತರಿಸಬೇಕೆಂದು ನೋಡುವುದು ಅವರ ದಿನದ ಕೆಲಸ. ಕೆಲಸಕ್ಕೆ ಸೇರುವಾಗ ಸಹಿ ಹಾಕಿದ ಕರಾರಿನಲ್ಲಿ, ಮಾಡಿದ್ದನ್ನು ಹೊರಗೆ ತೋರಿಸಕೂಡದು ಎಂಬ ಷರತ್ತು ಸಾಮಾನ್ಯವಾಗಿ ಇರುತ್ತದೆ. ಸಿನಿಮಾದವರು ಶೋರೀಲ್ ಕೇಳಿದರೆ ಐದು ವರ್ಷ ದುಡಿದವರ ಕೈಯಲ್ಲಿ ತೋರಿಸಲು ಒಂದು ನಿಮಿಷದ ಸರಕೂ ಇರುವುದಿಲ್ಲ, ಆಗ ಅವರನ್ನು ಅನುಭವವಿಲ್ಲದವರ ಸಾಲಿಗೆ ಸೇರಿಸುತ್ತಾರೆ. ಇದಕ್ಕೆ ದೊಡ್ಡ ಸುಧಾರಣೆ ಬೇಕಿಲ್ಲ. ಗುಟ್ಟಿಲ್ಲದ ವಿಡಿಯೋಗಳ ಕೊನೆಗೆ ಎರಡು ಸೆಕೆಂಡು ಹೆಸರು ಹಾಕುವುದು, ಕೆಲಸ ಬಿಡುವಾಗ ಎಡಿಟರು ಆರಿಸಿದ ಕೆಲವು ನಿಮಿಷಗಳನ್ನು ಶೋರೀಲಿಗೆ ಬಳಸಲು ಲಿಖಿತ ಒಪ್ಪಿಗೆ ಕೊಡುವುದು, ಇಷ್ಟನ್ನು ಕರಾರಿನಲ್ಲಿ ಒಂದೆರಡು ಸಾಲಾಗಿ ಸೇರಿಸಿದರೆ ಸಾಕು. ಕೇಳುವ ಧೈರ್ಯ ಮಾಡಬೇಕಾದವರು ಈಗ ಇಪ್ಪತ್ತೈದರ ಆಸುಪಾಸಿನಲ್ಲಿದ್ದಾರೆ, ಕೊಡಬೇಕಾದ ಕುರ್ಚಿಗಳಲ್ಲಿ ನಮ್ಮ ತಲೆಮಾರಿನ ಎಡಿಟರುಗಳೂ ಕೆಲವರು ಕೂತಿದ್ದಾರೆ.